ತಗಡಿನ ಮೂರಕ್ಷರ

ಚಿಕ್ಕಮಗಳೂರಿನ ಕ್ಯೂರಿಂಗ್ ವರ್ಕ್ಸಿನಲ್ಲಿ
ನಾನು ಕಾಳು ಆರಿಸುವವಳು,
ಬುಡನ್ ಸಾಬರು ಚೀಲಕ್ಕೆ ಊರು ಬರೆಯುವವರು.
ಬರೆಯುವುದೆಂದರೆ ಬರೆಯುವುದಲ್ಲ,
ಅಕ್ಷರ ಕೊರೆದ ತಗಡು ಗೋಣಿಯ ಮೇಲಿಟ್ಟು
ಕಪ್ಪು ಬ್ರಷ್ಷು ಎಳೆಯುವುದು.
ಇಂಗ್ಲಿಷು ಬಾರದು ಅವರಿಗೆ.
ಜಿ ಅಂದರೆ ಬಿಗಿಯದೆ ಬಿಟ್ಟ ಕುಣಿಕೆ,
ಡಿ ಅಂದರೆ ತುಂಬು ಬಸುರಿ
(ಹೊಟ್ಟೆ ಕಳಚಿ ಬೀಳದಂತೆ ಎರಡೆಳೆ ತಗಡು),
ಆರ್ ಅಂದರೆ ಒಂದು ಕಾಲು ಮುಂದಿಟ್ಟು ಹೊರಟವನು.
ಮೂರೂ ಸೇರಿದರೆ ಒಂದು ದೇಶ,
ಕೆಳಗೆ ರಾಸ್ಟಾಕ್ ಅನ್ನುವ ಬಂದರು.

ಎಲ್ಲಿದೆ ಅದು, ದೇವೀರಮ್ಮ ಕೇಳಿದಳು.
ಮಂಗಳೂರಿನ ಆಚೆ, ಅಂದರು ಸಾಬರು.
ಮಂಗಳೂರಿನ ಆಚೆ ಎಲ್ಲವೂ ಇರುವುದರಿಂದ
ಸುಳ್ಳೇನಲ್ಲ.

ಉಪಚುನಾವಣೆಯ ವರ್ಷ. ಊರ ಗೋಡೆಗೆಲ್ಲ ಬಾಯಿ ಬಂದಿತ್ತು.
ರಾತ್ರಿ ಸಾಬರ ಬ್ರಷ್ಷಿಗೂ ಕೆಲಸ, ಎರಡೂ ಪಕ್ಷದ ಕೂಲಿ.
ಗುಮಾಸ್ತ ಕಾಮತರು ಊಟದ ಹೊತ್ತಿಗೆ ಸುದ್ದಿ ತಂದರು:
ಆ ಮೂರಕ್ಷರದ ದೇಶದಲ್ಲಿ ಹೋದ ವರ್ಷ ಕಾಫಿ ಸಾಲದೆ
ಸರ್ಕಾರವೇ ಪುಡಿಗೆ ಬಟಾಣಿ ಬೆರೆಸಿತಂತೆ, ರೈ ಬೆರೆಸಿತಂತೆ,
ಜನ ಬಾಯಿಗಿಟ್ಟು ಉಗಿದು
ಸಾವಿರಗಟ್ಟಲೆ ದೂರಿನ ಕಾಗದ ಬರೆದರಂತೆ.
ಹೊಟ್ಟೆ ಹಿಡಿದು ನಕ್ಕೆವು.
ಎ ದರ್ಜೆಯದನ್ನು ಆರಿಸಿ ಹಡಗಿಗೆ ಕಳಿಸಿ
ಒಡಕು ಕಾಳು, ಅರ್ಧಪಾಲು ಚಿಕೋರಿ, ಒಂದು ಚೂರು ಬೆಲ್ಲ,
ಇದನ್ನೇ ಕಾಫಿ ಅಂತ ಕುಡಿದು ಬೆಳೆದವರು ನಾವು.
ಯಾರಿಗೂ ಕಾಗದ ಬರೆದವರಲ್ಲ.

ಫಿಲೋಮಿನಾ ಮಾತ್ರ ನಗಲಿಲ್ಲ.
ಬರೆದವರ ಹೆಸರು ಬರ್ಕೊಳ್ಳೋರು ಇರ್ತಾರೆ, ಅಂದಳು.
ತುರ್ತು ಪರಿಸ್ಥಿತಿಯಲ್ಲಿ ಬೋನಸ್ಸಿನ ಅರ್ಜಿಗೆ
ಮೊದಲ ಸಹಿ ಅವಳ ಗಂಡನದು.
ಹನ್ನೊಂದು ತಿಂಗಳು ಹಾಸನದ ಜೈಲು.

ಆಮೇಲೆ, ಬಹಳ ಆಮೇಲೆ, ಅಲ್ಲಿಯ ಗೋಡೆ ಬಿತ್ತು.
ಕಾಮತರ ಟೀವಿಯಲ್ಲಿ ನೋಡಿದೆ:
ಗೋಡೆಯ ನೆತ್ತಿಯ ಮೇಲೆ ಕೂತ ಜನ, ಸುತ್ತಿಗೆ, ಅಳು, ಮುತ್ತು.
ಅಣ್ಣತಮ್ಮಂದಿರು ನಡುಮನೆಗೆ ಗೋಡೆ ಎಬ್ಬಿಸೋದು
ನಮ್ಮ ಬೀದಿಯಲ್ಲೇ ಐದಾರು ಕಂಡಿದ್ದೇನೆ.
ಗೋಡೆ ಒಡೆದು ಒಂದಾದ ಮನೆ ಕಂಡಿರಲಿಲ್ಲ.
ಒಂದಾದ ಮೇಲೆ ಅಡುಗೆಮನೆ ಯಾರದು?
ಯಾರ ಒಲೆ ಉಳಿಸುತ್ತಾರೆ, ಯಾರ ಒಲೆ ಆರಿಸುತ್ತಾರೆ?

ಮರುವರ್ಷ ಅಕ್ಟೋಬರು.
ಇನ್ನೂರ ನಲವತ್ತು ಚೀಲ ಹೊಲಿದು ನಿಂತಿದ್ದವು.
ಮ್ಯಾನೇಜರು ಬಂದು, ಮೂರಕ್ಷರ ಅಳಿಸಿ, ಅಂದರು,
ಆ ದೇಶ ಈಗಿಲ್ಲ.
ಯುದ್ಧವಾ ಸ್ವಾಮಿ? ಅಲ್ಲ.
ಭೂಕಂಪವಾ? ಅಲ್ಲ.
ಸೇರಿಕೊಂಡಿತು.
ಸಾಬರು ಬ್ರಷ್ಷು ಹಿಡಿದು ನಿಂತೇ ಇದ್ದರು.
ಗೋಣಿಗೆ ಹತ್ತಿದ ಕಪ್ಪು ಅಳಿಯುವುದಿಲ್ಲ,
ಮೇಲೆ ಇನ್ನಷ್ಟು ಕಪ್ಪು ಬಳಿಯಬೇಕು, ಅಷ್ಟೇ.
ಇನ್ನೂರ ನಲವತ್ತು ಕಪ್ಪು ಚೌಕ.
ಜಿ ಒಂದನ್ನಾದರೂ ಉಳಿಸಬಹುದಿತ್ತು,
ಯಾರಿಗೂ ಹೊಳೆಯಲಿಲ್ಲ.

ಕಾಮತರು ನಿವೃತ್ತರಾದರೂ ಪೇಪರು ಓದಿ ಹೇಳುವುದು ಬಿಡಲಿಲ್ಲ.
ಅಲ್ಲಿಯ ಗಿರಣಿಗಳಿಗೆ ಸಾಲಾಗಿ ಬೀಗ,
ನೂಲುವ ಹೆಂಗಸರು ಮೊದಲು ಮನೆಗೆ.
ಗುಟ್ಟಿನ ಪೊಲೀಸರು ಹರಿದು ಚೀಲಕ್ಕೆ ತುಂಬಿದ ಕಡತಗಳನ್ನು
ಮೇಜಿನ ಮುಂದೆ ಕೂತು
ಚೂರಿಗೆ ಚೂರು ಜೋಡಿಸುವವರಿದ್ದಾರಂತೆ.
ಇದು ನನಗೆ ತಿಳಿಯುವ ಕೆಲಸ.
ಎಡಗೈಲಿ ಹರವು, ಬಲಗೈಲಿ ಹೆಕ್ಕು,
ಕಪ್ಪು ಕಾಳು ಕಣ್ಣಿಗಿಂತ ಮೊದಲು ಬೆರಳಿಗೆ ಗೊತ್ತು.
ಒಬ್ಬಳಿಗೆ, ತನ್ನ ಮೇಲೆ ಚಾಡಿ ಬರೆದದ್ದು
ಮಗ್ಗುಲಲ್ಲಿ ಮಲಗಿದವನೇ ಎಂದು ಹಾಗೆ ತಿಳಿಯಿತಂತೆ.

ಫಿಲೋಮಿನಾಗೆ ಹೇಳಿದೆ.
ಬಸಳೆ ಸೋಸುತ್ತಿದ್ದವಳು ತಲೆ ಎತ್ತಲಿಲ್ಲ.
ನಮ್ಮವರನ್ನ ಹಿಡ್ಕೊಟ್ಟೋನ ಹೆಸರು
ಯಾವ ಚೀಲದಲ್ಲಿದೆಯಂತೆ, ಕೇಳು.

ನಮಗೂ ಬಂತು, ಬಣ್ಣ ನೋಡಿ ಕಾಳು ಉಗಿಯುವ ಯಂತ್ರ.
ನಲವತ್ತೆರಡು ಜನ ಒಂದೇ ಶನಿವಾರ ಮನೆಗೆ.
ಸಾಬರು ಆಗಲೇ ಇರಲಿಲ್ಲ.
ಅವರ ಸೊಸೆ ಆ ತಗಡನ್ನು
ಕೋಳಿಗೂಡಿನ ಕಿಂಡಿಗೆ ಹೊಡೆದಿದ್ದಾಳೆ, ಮುಂಗುಸಿ ನುಗ್ಗದಿರಲಿ ಅಂತ.
ಬೆಳಿಗ್ಗೆ ಬಿಸಿಲು ಅಕ್ಷರದಲ್ಲಿ ತೂರಿ
ನೆಲಕ್ಕೆ ಬೀಳುತ್ತದೆ, ಸೊಟ್ಟಗೆ.
ಹೇಂಟೆಯೊಂದು ಡಿಯ ಹೊಟ್ಟೆಯನ್ನು
ಕುಕ್ಕಿ ನೋಡಿ, ಕಾಳಲ್ಲವೆಂದು,
ಪಕ್ಕಕ್ಕೆ ಹೋಗುತ್ತದೆ.