ಮಂಗಳವಾರವೇ ಟೈಪಾಗಿತ್ತು

ವಿಚಾರಣೆ ಬುಧವಾರ, ಹತ್ತೂವರೆಗೆ.
ತೀರ್ಪನ್ನು ನಾನು ಟೈಪು ಮಾಡಿದ್ದು ಮಂಗಳವಾರ,
ಮಧ್ಯಾಹ್ನ ಬೀಟ್‌ರೂಟ್ ಸಾರು ಕುಡಿದು ಬಂದಮೇಲೆ.
ಆರು ಸಾಲು. ಕೊನೆಯದು:
'ಅರ್ಜಿದಾರಳ ಅಹವಾಲನ್ನು ಕೂಲಂಕಷವಾಗಿ ಆಲಿಸಲಾಯಿತು.'
ಕಾಗುಣಿತ ತಪ್ಪಿರಲಿಲ್ಲ.

ಬುಧವಾರ ಬಂದಳು ಸ್ಕೈದ್ರೀತೆ ವನಗಾ,
ಯೇಕಬ್‌ಪಿಲ್ಸಿನಿಂದ ರೀಗಾಕ್ಕೆ, ಮುಂಜಾನೆ ಐದರ ಬಸ್ಸಿನಲ್ಲಿ,
ಬೂಟಿಗೆ ಮೆತ್ತಿದ್ದ ರಸ್ತೆಯುಪ್ಪು ನಮ್ಮ ನೆಲಹಾಸಿನ ಮೇಲೆ
ಬಾಗಿಲಿಂದ ಕುರ್ಚಿಯವರೆಗೆ ಬೆಳ್ಳಗೆ.
ಇಪ್ಪತ್ತೆರಡು ವರ್ಷ ದೌಗವಾ ನದಿಯ ಮಟ್ಟ ಬರೆದಿಟ್ಟವಳು:
ಬೆಳಿಗ್ಗೆ ಎಂಟಕ್ಕೆ, ಸಂಜೆ ಎಂಟಕ್ಕೆ,
ಮಂಜುಗಡ್ಡೆ ಒಡೆಯುವ ಮಾರ್ಚಿನಲ್ಲಿ ಗಂಟೆಗೊಮ್ಮೆ.
ಮೇಲಿನ ಠಾಣೆಯ ಗುಂಟಿಸನಿಗೂ ಅದೇ ನದಿ,
ಅಂಥದೇ ಅಳತೆಗೋಲು, ಅಷ್ಟೇ ಜಾರುವ ಮೆಟ್ಟಿಲು.
ಅವನ ಸಂಬಳಚೀಟಿಯಲ್ಲಿ ಮಾತ್ರ ಒಂದು ಸಾಲು ಹೆಚ್ಚು:
ಅಪಾಯ ಭತ್ಯೆ.

ನನಗೇಕಿಲ್ಲ ಎಂದು ಕೇಳಿದ್ದಳು.
ಅಷ್ಟೇ ಕೇಳಿದ್ದಳು.

ಏಳು ನಿಮಿಷ ಕೊಟ್ಟರು.
ಅದರಲ್ಲಿ ಒಂದು, ಅಧ್ಯಕ್ಷರ ಕನ್ನಡಕ ಒರೆಸುವುದಕ್ಕೆ.
ಚೀಲದಿಂದ ಹದಿನಾಲ್ಕು ನೋಟುಪುಸ್ತಕ ತೆಗೆದಿಟ್ಟಳು,
ಒಂದು ನೀರಿಗೆ ಬಿದ್ದು ರೊಟ್ಟಿಯಂತೆ ಉಬ್ಬಿತ್ತು.
'ಇವು ಕಡತದಲ್ಲಿಲ್ಲ' ಎಂದರು.
'ಇದ್ದಿದ್ದರೆ ನಾನೇಕೆ ಹೊತ್ತು ತರುತ್ತಿದ್ದೆ?'
ಇಲಾಖೆ ಕೊಟ್ಟ ಉತ್ತರವನ್ನು ಅವಳು ಕಂಡದ್ದು ಅಂದೇ ಮೊದಲು,
ಮೇಜಿನ ಆಚೆಯಿಂದ, ತಲೆಕೆಳಗಾಗಿ.
ನೀರಿನಲ್ಲಿ ತಲೆಕೆಳಗಾದ ಅಂಕಿ ಓದಿ ಪಳಗಿದ ಕಣ್ಣು,
ಅದನ್ನು ಓದಿತು. ಆಮೇಲೆ
ನನ್ನ ಮೊಣಕೈ ಕೆಳಗಿನ ಹಾಳೆಯ ತಾರೀಖನ್ನೂ.

ಒಳಗೆ ಏನೂ ಅನ್ನಲಿಲ್ಲ.
ಹೊರಗೆ, ಕೋಟಿನ ಗುಂಡಿ ಹಾಕಿಕೊಳ್ಳುತ್ತ, ನನಗೆ:
'ನದಿಗೆ ಹೋಗದೆ ಮಟ್ಟ ಬರೆದರೆ
ನಮ್ಮಲ್ಲಿ ಕೆಲಸದಿಂದ ತೆಗೀತಾರೆ.
ಬರೆದದ್ದು ಸರಿಯಾಗೇ ಇದ್ದರೂ.'

ಕುರಿಯನ್ನು ಕೇಳಿ ಯಾರೂ ಮಸಾಲೆ ಅರೆಯುವುದಿಲ್ಲ, ಒಪ್ಪಿದೆ.
ಅರೆದಾದ ಮೇಲೆ ಕುರಿಯನ್ನು ಕರೆಸಿ, ಕುರ್ಚಿ ಕೊಟ್ಟು,
ಒಂದು ಲೋಟ ನೀರಿಟ್ಟು, ನಿನ್ನ ಅಭಿಪ್ರಾಯವೇನಮ್ಮಾ ಎನ್ನುವುದು,
ಅದನ್ನು ನಾನು ಹನ್ನೊಂದು ವರ್ಷ
ಎರಡೆರಡು ಪ್ರತಿಯಲ್ಲಿ ಟೈಪು ಮಾಡಿದ್ದೇನೆ.

ಮೇಲಿನ ಕೋರ್ಟು ನನ್ನನ್ನು ಕರೆಸಿತು.
ನಾನೂ ಸರಕಾರಿ ನೌಕರಳೇ. ನನ್ನ ಮನೆ ಬಾಡಿಗೆ,
ಮಗನ ಹಲ್ಲಿನ ತಂತಿ, ಎಲ್ಲ ಅದೇ ಬೊಕ್ಕಸದ್ದು.
'ಟೈಪು ಮಾಡಿದ್ದು ಯಾವತ್ತು?'
ನ್ಯಾಯಾಧೀಶೆ ಎರಡು ಸಲ ಕೇಳಿದರು.
ಮೊದಲ ಸಲ ನೀರು ಕುಡಿದೆ.
ಎರಡನೆಯ ಸಲ, ಮಂಗಳವಾರ, ಅಂದೆ.

ಭತ್ಯೆ ಸಿಗಲಿಲ್ಲ ಅವಳಿಗೆ. ಇವತ್ತಿಗೂ ಇಲ್ಲ.
ಹೊಸದಾಗಿ ಕೇಳಿಸಿಕೊಳ್ಳಿ, ಬೇರೆ ಮೂವರನ್ನು ಕೂರಿಸಿ,
ಕಾಗದಪತ್ರ ಮೊದಲೇ ಅವಳ ಕೈಗೆ ಕೊಡಿ, ಎಂದಷ್ಟೇ ಕೋರ್ಟು ಅಂದದ್ದು.
ನನ್ನನ್ನು ನೆಲಮಾಳಿಗೆಯ ದಾಸ್ತಾನಿಗೆ ವರ್ಗ ಮಾಡಿದರು.
ಕಾರಣ ಬರೆದಿಲ್ಲ.
ಅರ್ಜಿಯ ನಮೂನೆ ನನಗೆ ಬಾಯಿಪಾಠ, ಇನ್ನೂ ತುಂಬಿಲ್ಲ.

ಎರಡನೆಯ ವಿಚಾರಣೆಗೆ ನಾನಿರಲಿಲ್ಲ. ಹೇಳಿದವರು ಹೇಳಿದ್ದು:
ಆ ಉಬ್ಬಿದ ಪುಸ್ತಕವನ್ನೇ ಮೊದಲು ತೆರೆದಳಂತೆ,
ಹಾಳೆಗಳು ಒಂದಕ್ಕೊಂದು ಅಂಟಿದ್ದವಂತೆ.
ಉಗುರಿನಿಂದ ಅವಳು ಬಿಡಿಸುವ ತನಕ
ಮೂವರೂ ಸುಮ್ಮನೆ ಕಾದರಂತೆ,
ಪೆನ್ನಿನ ಮುಚ್ಚಳ ಯಾರೂ ತೆಗೆದಿರಲಿಲ್ಲವಂತೆ.