ಉಳಿದರ್ಧ

ಶಿವರಾತ್ರಿ ಕಳೆದ ಬಿಸಿಲು. ಸೊರಬದ ಬಸ್ಸಿಳಿದು
ಹಾಳೆಯೊಂದನ್ನು ಸುರುಳಿ ಸುತ್ತಿ ಕಂಕುಳಲ್ಲಿಟ್ಟು ಹೋದೆ.
ಡ್ರಾಯಿಂಗ್ ಮೇಷ್ಟ್ರು ನಾನು, ತೋರಿಸುವ ಚಟ.
ಕನ್ನಮ್ಮ ಹಸೆಗೋಡೆಯೆದುರು ಕುಕ್ಕರಗಾಲಲ್ಲಿ,
ಪುಂಡಿನಾರಿನ ಒಂದು ಕುಂಚ ಹಲ್ಲಲ್ಲಿ ಕಚ್ಚಿ
ಇನ್ನೊಂದರಿಂದ ಕೆಮ್ಮಣ್ಣಿನ ಮೇಲೆ ಅಕ್ಕಿಬಿಳುಪಿನ ಗೆರೆ.
ಮೊಮ್ಮಗಳ ಮದುವೆಗೆ ಇನ್ನು ಒಂಬತ್ತೇ ದಿನ.

'ಆಫ್ರಿಕದ ತುದಿಯಲ್ಲಿ ಸಾನ್ ಅಂತ ಜನ,
ಅವರ ಹಿರಿಯರು ಬಂಡೆಗೆ ಬರೆದದ್ದು' ಎಂದೆ.
ಹಾಳೆಯನ್ನು ಬೆಳಕಿಗೆ ಹಿಡಿದಳು.
'ಕಡವೆ.'
ಕಡವೆಯಲ್ಲ, ಏಲಂಡ್, ಎನ್ನಹೊರಟು ಸುಮ್ಮನಾದೆ.
'ಕೆಂಪು ಎಂತದು?'
ಮಣ್ಣೇ. ಜೊತೆಗೆ ಅದೇ ಮಿಗದ ನೆತ್ತರು ಕಲೆಸುತ್ತಿದ್ದರಂತೆ.
ಅವಳು ಮೂಗು ಮುರಿಯಲಿಲ್ಲ.
'ನೆತ್ತರು ಬೇಗ ಹೆಪ್ಪಾಗ್ತದಲಾ, ಅವಸರದ ಕೈ ಇರ್ಬೇಕು.'

ಹೇಳುತ್ತ ಹೋದೆ: ಬೆಂಕಿಯ ಸುತ್ತ ಇರುಳಿಡೀ ಕುಣಿತ,
ಹೆಂಗಸರ ಚಪ್ಪಾಳೆ, ಬೆನ್ನುಹುರಿಯಲ್ಲಿ ಏನೋ ಕುದಿದು ಏರಿ
ಮೂಗಿನಿಂದ ರಕ್ತ ಒಸರಿ, ಕುಣಿವವನು ಮಿಗವೇ ಆಗಿ
ಆಚೆ ದಾಟುವನಂತೆ, ರೋಗಿಯ ನೋವು ಕಿತ್ತೆಸೆಯಲು.
'ನಮ್ಮಣ್ಣ ಬರ್ಮನ ಮೈಮೇಲೂ ಬರ್ತಿತ್ತು,
ಇಳಿದ ಮೇಲೆ ಮನೆ ಬಾಗಿಲು ಯಾವ ಕಡೆ ಅಂತ
ನಮ್ಮನ್ನೇ ಕೇಳ್ತಿದ್ದ.'

ಆ ಮಿಗವನ್ನು ಹುಟ್ಟಿಸಿದ್ದು ಒಂದು ಹುಳ,
ಸದಾ ಕೈಮುಗಿದಂತೆ ಕೂರುತ್ತದಲ್ಲ, ಹಸುರು...
'ಸೂರ್ಯನ ಕುದುರೆ' ಅಂದಳು ತಟ್ಟನೆ.
ಅದೇ. ಜೊಂಡಿನಲ್ಲಿ ಬಚ್ಚಿಟ್ಟು, ಜೇನು ತಿನ್ನಿಸಿ ಸಾಕಿತಂತೆ.
ನಕ್ಕಳು, ಮುಖವೆಲ್ಲ.

ಆಮೇಲೆ ಚಿತ್ರದ ಒಂದು ಕಡೆ ಬೆರಳಿಟ್ಟಳು.
ಬಂಡೆಯ ಬಿರುಕು ಮುಟ್ಟಿ ಮಿಗ ಅಲ್ಲೇ ಮುಗಿದಿತ್ತು,
ಕತ್ತಿಲ್ಲ, ಕೋಡಿಲ್ಲ, ಮುಂಗಾಲಿಲ್ಲ.
ಬಂಡೆ ಅವರಿಗೆ ಬಂಡೆಯಲ್ಲ, ತೆರೆ, ಎನ್ನುವ ಮೊದಲೇ
ಹಾಳೆ ಮಗುಚಿ ನೋಡಿದಳು.
ಆಚೆ ಬದಿಯಲ್ಲಿ ಕೈಗಡಿಯಾರದ ಜಾಹೀರಾತು.
ನನಗೆ ನಗು ಬಂತು. ಇಪ್ಪತ್ತೆರಡು ವರ್ಷ
ಮಕ್ಕಳಿಗೆ ಅದೇ ಹಾಳೆ ತೋರಿಸಿದವನು
ಒಮ್ಮೆಯೂ ಮಗುಚಿರಲಿಲ್ಲ.

ಮದುವೆಯ ಹಿಂದಿನ ದಿನ ಮತ್ತೆ ಹೋದೆ.
ಹಸೆ ಮುಗಿದಿತ್ತು, ಗುರಿಗೆಕಾಯಿಯ ಹಳದಿ ಇನ್ನೂ ಹಸಿ.
ಜಂಬಿಟ್ಟಿಗೆ ಗೋಡೆಯ ಹಳೇ ಬಿರುಕಿಗೆ
ಈ ಸಲ ಮಣ್ಣು ಮೆತ್ತಿರಲಿಲ್ಲ.
ಅದರ ಅಂಚಿಗೆ ಎರಡು ಹಿಂಗಾಲು, ಒಂದು ಮೋಟು ಬಾಲ.
ಕೇಳಿದರೆ, ಒಲೆಯ ಕಡೆ ಗದ್ದ ಎತ್ತಿ ತೋರಿಸಿದಳು.

ಒಳಗೆ, ಅಡುಗೆಮನೆಯ ಮಸಿಗೋಡೆಯಲ್ಲಿ
ಅದೇ ಬಿರುಕಿನಿಂದ ಹೊರಬಂದಿತ್ತು ಕಡವೆಯ ಕತ್ತು,
ಸಾರಿನ ಘಮಕ್ಕೆ ಮೂಗು ಚಾಚಿ.
ಬಾಯ ಬಳಿ ಯಾರೋ ಬೆರಳಷ್ಟು ಜೋನಿಬೆಲ್ಲ ಸವರಿದ್ದರು.
'ನಾನಲ್ಲ' ಅಂದಳು ಸೊಸೆ, ಪಾತ್ರೆ ತಿಕ್ಕುತ್ತ.
ಇರುವೆಗಳು ಆಗಲೇ ಸಾಲು ಕಟ್ಟಿ
ಈಚೆಯಿಂದ ಆಚೆಗೆ ಹೋಗುತ್ತಿದ್ದವು.